ಚಿತ್ರಕಥೆಗಳ ವಿಶ್ವರೂಪಿಗಳೂ ನಮ್ಮ ಮಲೆಯ ಮಾದಪ್ಪನೂ

ಮಾನವನು ತನಗಿಂತ ಹಿರಿದಾದುದೊಂದನ್ನು ಕಲ್ಪಿಸಿಕೊಳ್ಳದೆ ಬಾಳಿದ ಕಾಲವು ಚರಿತ್ರೆಯಲ್ಲಿ ಕಾಣಸಿಗುವುದಿಲ್ಲ. ಮಳೆಗೊಂದು ದೇವತೆ, ಬೆಂಕಿಗೊಂದು ದೇವತೆ, ಮಲೆಗೊಬ್ಬ ಒಡೆಯ, ಊರಿಗೊಬ್ಬ ಮಾರಿ ಎಂದು ಕಲ್ಪಿಸಿಕೊಂಡು, ಅವರ ಕಥೆಗಳನ್ನು ಹಾಡಿ, ಕಲ್ಲಿನಲ್ಲಿ ಕಡೆದು, ತೊಗಲಿನ ಮೇಲೆ ಬರೆದು ಮಕ್ಕಳಿಗೆ ದಾಟಿಸಿದ್ದಾನೆ. ಇಪ್ಪತ್ತನೆಯ ಶತಮಾನದಲ್ಲಿ ಈ ಕೆಲಸಕ್ಕೆ ಹೊಸದೊಂದು ಸಾಧನ ದೊರೆಯಿತು. ಅದೇ ಅಗ್ಗದ ಕಾಗದದ ಮೇಲೆ ಬಣ್ಣದಲ್ಲಿ ಅಚ್ಚಾದ ಚಿತ್ರಕಥೆ. ಅಮೆರಿಕದ ಚಿತ್ರಕಥೆಗಳಲ್ಲಿ ಹುಟ್ಟಿ, ಈಗ ಚಲನಚಿತ್ರಗಳ ಮೂಲಕ ನಮ್ಮ ಹಳ್ಳಿಯ ಬಾಲಕರ ಬಾಯಲ್ಲೂ ಆಡುತ್ತಿರುವ ಕೆಲವು ಮಹಾಮೂರ್ತಿಗಳಿವೆ. ಅವು ಗ್ರಹಗಳನ್ನು ನುಂಗುತ್ತವೆ, ನಕ್ಷತ್ರಗಳನ್ನು ಮೈಯಲ್ಲಿ ಹೊತ್ತಿರುತ್ತವೆ, ಲೋಕಗಳ ತಪ್ಪು ಒಪ್ಪುಗಳನ್ನು ತೂಗಿ ನೋಡುತ್ತವೆ. ಇವು ದೇವರುಗಳೇ? ಅಲ್ಲವಾದರೆ ಮತ್ತೇನು? ಎಲ್ಲಿಂದ ಬಂದುವು? ನಮ್ಮ ದೇವರುಗಳ ಮುಂದೆ ಅವುಗಳ ನಿಲುವೇನು? ವಿದ್ಯಾರ್ಥಿಗಳು ಕೇಳಬಹುದಾದ ಈ ಪ್ರಶ್ನೆಗಳಿಗೆ ಉಪಾಧ್ಯಾಯರಾದವರು ನಕ್ಕು ಸುಮ್ಮನಾಗುವುದು ಉಚಿತವಲ್ಲ. ಚರಿತ್ರೆಯ ನೆರವಿನಿಂದ ಉತ್ತರವನ್ನು ಅರಸುವುದೇ ಈ ಲೇಖನದ ಉದ್ದೇಶ.

(೧)

೧೯೩೮ನೆಯ ಇಸವಿಯ ಜೂನ್ ತಿಂಗಳ ಹೆಸರಿನಲ್ಲಿ ಹೊರಟ ‘ಆಕ್ಷನ್ ಕಾಮಿಕ್ಸ್’ ಎಂಬ ಪತ್ರಿಕೆಯ ಮೊದಲ ಸಂಚಿಕೆಯಲ್ಲಿ ‘ಸೂಪರ್‌ಮ್ಯಾನ್’ ಎಂಬ ಅತಿಮಾನುಷ ವೀರನು ಕಾಣಿಸಿಕೊಂಡನು. ಕಥೆ ಬರೆದವನು ಜೆರ್ರಿ ಸೀಗೆಲ್. ಚಿತ್ರ ಬಿಡಿಸಿದವನು ಜೋ ಶಸ್ಟರ್. ಇಬ್ಬರೂ ಬೇರೆ ನಾಡುಗಳಿಂದ ವಲಸೆ ಬಂದ ಯಹೂದಿ ಮನೆತನಗಳ ಮಕ್ಕಳು. ಅವರ ವೀರನೂ ವಲಸೆ ಬಂದವನೇ. ನಾಶವಾದ ಗ್ರಹವೊಂದರಿಂದ ಭೂಮಿಗೆ ಬಂದು, ಒಕ್ಕಲುಮನೆಯೊಂದರಲ್ಲಿ ಬೆಳೆದವನು. ಅವನಿಗೆ ಬಲವಿತ್ತು, ಆದರೆ ಅವನು ದೇವರಲ್ಲ. ಹಗಲು ಪತ್ರಿಕಾಲಯದಲ್ಲಿ ದುಡಿದು ಬದುಕುವ ಸಾಧಾರಣನಂತೆ ಕಾಣುತ್ತಿದ್ದನು. ಇವನನ್ನು ಅನುಸರಿಸಿ ಹತ್ತಾರು ವೀರರು ಹುಟ್ಟಿಕೊಂಡರು. ಅವರ ಹಗೆಗಳು ಕಳ್ಳರು, ವಂಚಕರು, ಯುದ್ಧಕಾಲದಲ್ಲಿ ಹಿಟ್ಲರನ ಕಡೆಯವರು.

ಎರಡನೆಯ ಮಹಾಯುದ್ಧ ಮುಗಿದು, ಅಣುಬಾಂಬಿನ ಭೀತಿಯೂ ಬಾಹ್ಯಾಕಾಶದ ಕುತೂಹಲವೂ ಏಕಕಾಲದಲ್ಲಿ ಬೆಳೆದ ದಿನಗಳಲ್ಲಿ ಈ ಕಥೆಗಳ ಗಾತ್ರವೂ ಬೆಳೆಯಿತು. ೧೯೬೨ರಲ್ಲಿ ಮಾರ್ವೆಲ್ ಸಂಸ್ಥೆಯವರು ಉತ್ತರ ಯೂರೋಪಿನ ಪುರಾಣಗಳ ಸಿಡಿಲ ದೇವನಾದ ಥಾರ್‌ನನ್ನೇ ಕರೆತಂದು ವೀರನನ್ನಾಗಿ ಮಾಡಿದರು. ಪೂಜಿಸುವವರು ಉಳಿಯದ ದೇವನೊಬ್ಬನು ಹೀಗೆ ಮಕ್ಕಳ ಪುಸ್ತಕದಲ್ಲಿ ಮರುಹುಟ್ಟು ಪಡೆದನು. ೧೯೬೩ರಲ್ಲಿ ‘ವಾಚರ್’ ಎಂಬ ನೋಡುಗನು ಬಂದನು. ಚಂದ್ರನ ಮೇಲೆ ನಿಂತು ಎಲ್ಲವನ್ನೂ ನೋಡುವುದು ಅವನ ಕೆಲಸ, ಯಾವುದರಲ್ಲಿಯೂ ಕೈಹಾಕುವುದಿಲ್ಲವೆಂಬುದು ಅವನ ವ್ರತ. ೧೯೬೫ರಲ್ಲಿ ಸ್ಟ್ಯಾನ್ ಲೀ ಮತ್ತು ಸ್ಟೀವ್ ಡಿಟ್ಕೊ ಎಂಬವರು ‘ಇಟರ್ನಿಟಿ’, ಅಂದರೆ ಅನಂತತೆ, ಎಂಬ ಮೂರ್ತಿಯನ್ನು ಚಿತ್ರಿಸಿದರು. ಮನುಷ್ಯಾಕೃತಿಯ ಅಂಚು ಮಾತ್ರ ಕಾಣುವುದು. ಒಳಗೆಲ್ಲ ಆಕಾಶ, ಗ್ರಹ, ನಕ್ಷತ್ರ. ೧೯೬೭ರಲ್ಲಿ ಲೋಕಗಳಿಗೆ ತೀರ್ಪು ಕೊಡುವ ‘ಲಿವಿಂಗ್ ಟ್ರಿಬ್ಯೂನಲ್’ ಎಂಬ ನ್ಯಾಯಮೂರ್ತಿಯೂ ಸೇರಿಕೊಂಡನು. ನೋಡುವವನು, ವ್ಯಾಪಿಸಿರುವವನು, ತೀರ್ಪು ಕೊಡುವವನು: ಒಬ್ಬನೇ ದೇವರಿಗೆ ನಾವು ಹೊರಿಸಿರುವ ಕಾರ್ಯಗಳನ್ನು ಇವರು ಬಿಡಿಬಿಡಿಯಾಗಿ ಹಂಚಿಕೊಟ್ಟರೆಂದು ಹೇಳಬಹುದು.

(೨)

ಈ ಸಾಲಿನಲ್ಲಿ ಮುಕುಟಪ್ರಾಯವಾದುದು ೧೯೬೬ರಲ್ಲಿ ‘ಫೆಂಟಾಸ್ಟಿಕ್ ಫೋರ್’ ಪತ್ರಿಕೆಯ ೪೮, ೪೯ ಮತ್ತು ೫೦ನೆಯ ಸಂಚಿಕೆಗಳಲ್ಲಿ ಬಂದ ಗಲ್ಯಾಕ್ಟಸನ ಕಥೆ. ಲೀ ಮತ್ತು ಜ್ಯಾಕ್ ಕರ್ಬಿ ಇದರ ಕರ್ತೃಗಳು. ಗಲ್ಯಾಕ್ಟಸನು ಗ್ರಹಗಳ ಸತ್ವವನ್ನು ಹೀರಿ ಬದುಕುವ ಮಹಾಕಾಯನು. ಅವನಿಗೆ ಭೂಮಿಯವರ ಮೇಲೆ ದ್ವೇಷವಿಲ್ಲ. ಹಸಿವಿದೆ, ಅಷ್ಟೆ. ನಾವು ನೆಲ ಉಳುವಾಗ ಇರುವೆಗಳ ಗೂಡನ್ನು ಎಷ್ಟು ಗಮನಿಸುವೆವೋ ಅವನೂ ಮನುಷ್ಯರನ್ನು ಅಷ್ಟೇ ಗಮನಿಸುವನು. ಮಾರಿಯಂತೆ ಮುನಿದವನಲ್ಲ, ಅಸುರನಂತೆ ಗರ್ವಿಸಿದವನೂ ಅಲ್ಲ. ಆದುದರಿಂದಲೇ ಓದುಗರಿಗೆ ಅವನು ಅಷ್ಟು ಭೀಕರನಾಗಿ ಕಂಡನು. ಮುನಿದ ದೇವರನ್ನು ಒಲಿಸಬಹುದು. ಗಮನಿಸದ ದೇವರನ್ನು ಒಲಿಸುವುದು ಹೇಗೆ?

ಲೀಯವರು ಕಥೆಯ ಎಳೆಯನ್ನು ಮಾತ್ರ ಹೇಳಿದ್ದರು. ಪುಟಗಳನ್ನು ಬಿಡಿಸಿ ತಂದಾಗ ಅದರಲ್ಲಿ ಹೇಳದೇ ಇದ್ದ ಒಬ್ಬನು ಸೇರಿದ್ದನು. ಬೆಳ್ಳಿಯ ಮೈಯ, ಹಲಗೆಯೊಂದರ ಮೇಲೆ ನಿಂತು ಆಕಾಶದಲ್ಲಿ ತೇಲುವ ದೂತನು ಅವನು. ಅಷ್ಟು ದೊಡ್ಡವನಿಗೆ ಮುಂದೆ ಹೋಗಿ ಸುದ್ದಿ ತರುವ ದೂತನು ಬೇಡವೇ ಎಂಬುದು ಕರ್ಬಿಯ ತರ್ಕ. ಗ್ರಹಗಳನ್ನು ಹುಡುಕಿ ಒಡೆಯನಿಗೆ ತೋರಿಸುವುದು ಈ ‘ಸಿಲ್ವರ್ ಸರ್ಫರ್’ನ ಊಳಿಗ. ಆದರೆ ಭೂಮಿಗಿಳಿದಾಗ ಅವನಿಗೆ ಅಲಿಷಿಯಾ ಎಂಬ ಹೆಂಗಸು ಎದುರಾಗುತ್ತಾಳೆ. ಆಕೆ ಕಣ್ಣಿಲ್ಲದವಳು, ಕೈಮುಟ್ಟಿ ಪ್ರತಿಮೆಗಳನ್ನು ಮಾಡುವವಳು. ಅವಳ ಮಾತಿನಿಂದ ದೂತನ ಮನಸ್ಸು ಕರಗಿ ಅವನು ಒಡೆಯನಿಗೇ ತಿರುಗಿ ನಿಲ್ಲುತ್ತಾನೆ. ಕೈಹಾಕೆನೆಂದು ವ್ರತ ತೊಟ್ಟ ನೋಡುಗನೂ ವ್ರತವನ್ನು ಮುರಿದು ಮನುಷ್ಯರಿಗೆ ನೆರವಾಗುತ್ತಾನೆ. ಅವನ ನೆರವಿನಿಂದ ದೊರೆತ, ಎಲ್ಲವನ್ನೂ ಇಲ್ಲವಾಗಿಸಬಲ್ಲ ಆಯುಧವೊಂದನ್ನು ಮನುಷ್ಯನ ಕೈಯಲ್ಲಿ ಕಂಡು ಗಲ್ಯಾಕ್ಟಸನು ಹಿಂದಿರುಗುತ್ತಾನೆ. ಅಣ್ವಸ್ತ್ರದ ನೆರಳಿನಲ್ಲಿ ಬದುಕಿದವರು ಬರೆದ ಕಥೆಯೆಂಬುದು ಇಲ್ಲಿ ಸ್ಪಷ್ಟವಾಗುತ್ತದೆ. ಆಯುಧದ ಬೆದರಿಕೆಯಿಂದ ಲೋಕ ಉಳಿಯಿತು. ಆದರೆ ಕಣ್ಣಿಲ್ಲದವಳೊಬ್ಬಳ ಮಾತು ಮೊದಲು ಕೆಲಸ ಮಾಡದೆ ಇದ್ದಿದ್ದರೆ ಆಯುಧ ಕೈಗೆ ಬರುವಷ್ಟು ಹೊತ್ತೂ ದೊರೆಯುತ್ತಿರಲಿಲ್ಲ.

ಜ್ಯಾಕ್ ಕರ್ಬಿ ಹುಟ್ಟಿದ್ದು ೧೯೧೭ರಲ್ಲಿ, ನ್ಯೂಯಾರ್ಕ್ ನಗರದಲ್ಲಿ, ವಲಸೆ ಬಂದ ಯಹೂದಿ ತಂದೆತಾಯಿಗಳಿಗೆ. ಹುಟ್ಟುಹೆಸರು ಜೇಕಬ್ ಕರ್ಟ್ಸ್‌ಬರ್ಗ್. ೧೯೪೪ರಲ್ಲಿ ಫ್ರಾನ್ಸಿನ ರಣರಂಗದಲ್ಲಿ ಸಿಪಾಯಿಯಾಗಿ ಕಾದಿದವನು. ಮಾರ್ವೆಲ್ ಸಂಸ್ಥೆಯನ್ನು ೧೯೭೦ರಲ್ಲಿ ಬಿಟ್ಟು, ೧೯೭೧ರಲ್ಲಿ ಡಿ.ಸಿ. ಸಂಸ್ಥೆಗಾಗಿ ‘ನ್ಯೂ ಗಾಡ್ಸ್’, ಅಂದರೆ ಹೊಸ ದೇವರುಗಳು, ಎಂಬ ಮಾಲೆಯನ್ನು ಹೊರಡಿಸಿದನು. ಹಳೆಯ ದೇವರುಗಳು ಸತ್ತ ಮೇಲೆ ಹುಟ್ಟಿದ ಎರಡು ಲೋಕಗಳ ಯುದ್ಧ ಅದರ ವಸ್ತು. ಅಲ್ಲಿನ ಡಾರ್ಕ್‌ಸೈಡ್ ಎಂಬ ಪ್ರಭುವಿಗೆ ಬೇಕಾದುದು ರಾಜ್ಯವಲ್ಲ, ಎಲ್ಲ ಜೀವಿಗಳ ಇಚ್ಛೆ. ಹಿಟ್ಲರನ ಕಾಲವನ್ನು ಕಣ್ಣಾರೆ ಕಂಡವನ ಕಲ್ಪನೆ ಅದು. ಮತ್ತೆ ಮಾರ್ವೆಲ್ಲಿಗೆ ಬಂದು ೧೯೭೬ರಲ್ಲಿ ‘ಎಟರ್ನಲ್ಸ್’ ಎಂಬ ಮಾಲೆಯನ್ನು ಬರೆದನು. ಅದರಲ್ಲಿ ಗಗನದಿಂದ ಇಳಿದ ಮೌನಿಗಳಾದ ಮಹಾಕಾಯರು ಐವತ್ತು ವರುಷ ಭೂಮಿಯ ಮೇಲೆ ನಿಂತು, ಮನುಷ್ಯಕುಲ ಉಳಿಯಬೇಕೆ ಅಳಿಯಬೇಕೆ ಎಂದು ನಿರ್ಣಯಿಸುವವರಿದ್ದಾರೆ. ೨೦೨೧ರಲ್ಲಿ ಇದೇ ಹೆಸರಿನ ಚಲನಚಿತ್ರ ಬಂದಿತು.

(೩)

ಹೀಗೆ ಹೊರಗಿನ ಚರಿತ್ರೆಯನ್ನು ನೋಡಿದ ಮೇಲೆ ನಮ್ಮದರ ಕಡೆಗೆ ತಿರುಗೋಣ. ಚಿತ್ರದಿಂದ ಕಥೆ ಹೇಳುವುದೂ, ಚಿತ್ರದಲ್ಲಿ ವಿಶ್ವದ ಗಾತ್ರವನ್ನು ಹಿಡಿಯುವುದೂ ಕನ್ನಡ ನಾಡಿಗೆ ಹೊಸತಲ್ಲ. ಬಾದಾಮಿಯ ಮೂರನೆಯ ಗುಹೆ ಚಾಲುಕ್ಯ ಮಂಗಳೇಶನು ಮಾಡಿಸಿದುದು. ಅಲ್ಲಿನ ಶಾಸನದ ಕಾಲ ಕ್ರಿ.ಶ. ೫೭೮. ಅಲ್ಲಿ ತ್ರಿವಿಕ್ರಮನ ದೊಡ್ಡ ಶಿಲ್ಪವಿದೆ. ಒಂದು ಕಾಲು ನೆಲದಲ್ಲಿ, ಇನ್ನೊಂದು ಕಾಲು ಬಾನಿಗೆ ಎತ್ತಿದೆ. ಸುತ್ತಲಿನವರೆಲ್ಲ ಅವನಿಗಿಂತ ಬಹಳ ಚಿಕ್ಕವರು. ಅಗಾಧವಾದುದನ್ನು ತೋರಿಸಲು ಪಕ್ಕದಲ್ಲಿ ಅಲ್ಪವಾದುದನ್ನು ನಿಲ್ಲಿಸಬೇಕೆಂಬ ಉಪಾಯವನ್ನು ಕರ್ಬಿಗಿಂತ ಹದಿನಾಲ್ಕು ಶತಮಾನಗಳಷ್ಟು ಮೊದಲೇ ಆ ಶಿಲ್ಪಿಯು ಬಲ್ಲವನಾಗಿದ್ದನು.

ತರೀಕೆರೆ ಸೀಮೆಯ ಅಮೃತಾಪುರದಲ್ಲಿ ೧೧೯೬ರಲ್ಲಿ ಹೊಯ್ಸಳ ವೀರಬಲ್ಲಾಳನ ಕಾಲದಲ್ಲಿ ಕಟ್ಟಿದ ಅಮೃತೇಶ್ವರ ದೇವಾಲಯವಿದೆ. ಅದರ ಮಂಟಪದ ಹೊರಗೋಡೆಯ ಮೇಲೆ ೧೪೦ ಫಲಕಗಳಿವೆ. ದಕ್ಷಿಣದ ಕಡೆ ೭೦ ಫಲಕಗಳಲ್ಲಿ ರಾಮಾಯಣ. ಉತ್ತರದ ಕಡೆ ೨೫ರಲ್ಲಿ ಕೃಷ್ಣನ ಕಥೆ, ೪೫ರಲ್ಲಿ ಮಹಾಭಾರತ. ಒಂದು ಫಲಕದಿಂದ ಮತ್ತೊಂದಕ್ಕೆ ನಡೆಯುತ್ತ ಹೋದರೆ ಕಥೆಯೂ ನಡೆಯುತ್ತದೆ. ಚಿತ್ರಕಥೆಯ ಪುಟವನ್ನು ಕಣ್ಣಿನಿಂದ ಓದುತ್ತೇವೆ. ಇದನ್ನು ಕಾಲಿನಿಂದ ಓದಬೇಕು. ವ್ಯತ್ಯಾಸ ಅಷ್ಟೇ. ಅಲ್ಲಿ ಕೆಲಸ ಮಾಡಿದ ರೂವಾರಿ ಮಲ್ಲಿತಮ್ಮನು ಮುಂದೆ ನಮಗೆ ಸಮೀಪದ ಸೋಮನಾಥಪುರದ ಕೇಶವ ದೇವಾಲಯದಲ್ಲಿಯೂ ಕೆಲಸ ಮಾಡಿ, ತನ್ನ ಹೆಸರನ್ನು ಕಲ್ಲಿನಲ್ಲಿಯೇ ಕೆತ್ತಿದ್ದಾನೆ. ಈ ಹೆಸರಿನ ಸಂಗತಿಯನ್ನು ಓದುಗರು ನೆನಪಿನಲ್ಲಿಡಬೇಕು. ಮುಂದೆ ಅದರ ಪ್ರಯೋಜನವಿದೆ.

ಬೆಳ್ಳಿತೆರೆಯ ಕಾಲಕ್ಕೆ ಬಂದರೆ ಅಲ್ಲಿಯೂ ನಮ್ಮ ತಾಳವಾಡಿಗೆ ಪಾಲುಂಟು. ಡಾ. ರಾಜಕುಮಾರ್ ಅವರ ಹುಟ್ಟೂರು ನಮ್ಮ ದೊಡ್ಡ ಗಾಜನೂರು. ೧೯೫೮ರ ‘ಭೂಕೈಲಾಸ’ದಲ್ಲಿ ರಾವಣ, ೧೯೫೯ರ ‘ಮಹಿಷಾಸುರ ಮರ್ದಿನಿ’ಯಲ್ಲಿ ಮಹಿಷ, ೧೯೮೩ರ ‘ಭಕ್ತ ಪ್ರಹ್ಲಾದ’ದಲ್ಲಿ ಹಿರಣ್ಯಕಶಿಪು ಹೀಗೆ ಮೂರು ಲೋಕವನ್ನೂ ನಡುಗಿಸಿದ ಅಸುರರನ್ನು ಅವರು ಅಭಿನಯಿಸಿದರು. ಅವರ ಹಿರಣ್ಯಕಶಿಪು ಮಗನ ಮೇಲಿನ ಮೋಹಕ್ಕೂ ತನ್ನ ಗರ್ವಕ್ಕೂ ನಡುವೆ ಸಿಕ್ಕಿ ನರಳುವ ತಂದೆಯೂ ಆಗಿದ್ದಾನೆ. ಬಲದ ತುದಿಯಲ್ಲಿ ನಿಂತವನ ಒಳಗೂ ಒಂದು ಸಂಕಟವಿರುತ್ತದೆಂಬುದನ್ನು ಕನ್ನಡಿಗರು ಆ ಮುಖದಲ್ಲಿ ಕಂಡರು.

(೪)

ಕಾಗದದ ಮೇಲಿನ ಚಿತ್ರಕಥೆ ಕನ್ನಡಕ್ಕೆ ಬಂದ ಬಗೆಯನ್ನು ಈಗ ಹೇಳಬೇಕು. ೧೯೪೭ರಲ್ಲಿ ಮದರಾಸಿನಿಂದ ತೆಲುಗು ತಮಿಳುಗಳಲ್ಲಿ ಹೊರಟ ‘ಚಂದಮಾಮ’ ಕೆಲವೇ ವರುಷಗಳಲ್ಲಿ ಕನ್ನಡದಲ್ಲಿಯೂ ಬಂದಿತು. ಕನ್ನಡದವರೇ ಆದ ಎಂ.ಟಿ.ವಿ. ಆಚಾರ್ಯರು ಅದರ ಮುಖಪುಟಗಳಿಗೆ ಬರೆದ ಮಹಾಭಾರತದ ಚಿತ್ರಗಳು ಎಷ್ಟೋ ಮನೆಗಳಲ್ಲಿ ಕಟ್ಟುಹಾಕಿಸಿಕೊಂಡು ಗೋಡೆಯನ್ನೇರಿದುವು. ಆದರೆ ‘ಚಂದಮಾಮ’ದಲ್ಲಿ ಕಥೆಯು ಮಾತಿನಲ್ಲಿ ನಡೆಯುತ್ತಿತ್ತು, ಚಿತ್ರವು ಪಕ್ಕದಲ್ಲಿ ನಿಲ್ಲುತ್ತಿತ್ತು.

ಚೌಕಚೌಕವಾಗಿ ಚಿತ್ರದಲ್ಲಿಯೇ ನಡೆಯುವ ಕಥೆಯ ಪುಸ್ತಕಮಾಲೆಯಾಗಿ ನಾಡಿಗೆಲ್ಲ ಹೆಸರಾದುದು ‘ಅಮರ ಚಿತ್ರಕಥೆ’. ಇದರ ಆರಂಭದ ಬಗ್ಗೆ ಎರಡು ಹೇಳಿಕೆಗಳಿವೆ. ಮಾಲೆಯ ಸಂಪಾದಕರಾಗಿ ಪ್ರಸಿದ್ಧರಾದ ಅನಂತ ಪೈ ಅವರು ಕಾರ್ಕಳದಲ್ಲಿ ೧೯೨೯ರಲ್ಲಿ ಹುಟ್ಟಿದವರು. ೧೯೬೪ರಲ್ಲಿ ಮುಂಬಯಿಯಿಂದ ಹೊರಟು ‘ಫ್ಯಾಂಟಮ್’ ಮೊದಲಾದ ವಿದೇಶೀ ವೀರರನ್ನು ಭಾರತೀಯ ಭಾಷೆಗಳಿಗೆ ತಂದ ‘ಇಂದ್ರಜಾಲ ಕಾಮಿಕ್ಸ್’ನಲ್ಲಿ ದುಡಿದಿದ್ದರು. ೧೯೬೭ರಲ್ಲಿ ದೆಹಲಿಯ ದೂರದರ್ಶನದ ರಸಪ್ರಶ್ನೆಯೊಂದನ್ನು ಅವರು ನೋಡಿದರಂತೆ. ಗ್ರೀಕ್ ದೇವತೆಗಳ ವಿಷಯದಲ್ಲಿ ಥಟ್ಟನೆ ಉತ್ತರ ಹೇಳಿದ ಮಕ್ಕಳು ರಾಮನ ತಾಯಿ ಯಾರೆಂಬುದಕ್ಕೆ ಸುಮ್ಮನಾದರಂತೆ. ಆ ನೋವೇ ಮಾಲೆಗೆ ಮೂಲವೆಂದು ಪೈ ಹೇಳುತ್ತಿದ್ದರು.

ಇನ್ನೊಂದು ಹೇಳಿಕೆ ಬೆಂಗಳೂರಿನದು. ಅಲ್ಲಿ ಇಂಡಿಯಾ ಬುಕ್ ಹೌಸ್ ಸಂಸ್ಥೆಯಲ್ಲಿದ್ದ ಜಿ.ಕೆ. ಅನಂತರಾಮ್ ಅವರು ೧೯೬೫ರಲ್ಲಿಯೇ ಈ ಹೆಸರಿನಿಂದ ಕನ್ನಡದಲ್ಲಿ ಪುಸ್ತಕಗಳನ್ನು ಹೊರತಂದರು. ಮೊದಲ ಹತ್ತೂ ಪಶ್ಚಿಮದ ಮಕ್ಕಳ ಕಥೆಗಳ ಅನುವಾದ. ಸಿಂಡರೆಲ್ಲಾ, ಪಿನೋಕಿಯೊ, ಅಲ್ಲಾದೀನನ ದೀಪ ಮುಂತಾದುವು. ಅವು ಕನ್ನಡ ಓದುಗರಲ್ಲಿ ಗೆದ್ದ ಮೇಲೆಯೇ ದೇಶದ ಕಥೆಗಳ ಮಾಲೆಗೆ ದಾರಿಯಾಯಿತೆಂದು ಅನಂತರಾಮ್ ಹೇಳಿದ್ದಾರೆ. ಎರಡು ಹೇಳಿಕೆಗಳನ್ನು ಹೊಂದಿಸುವ ಸಾಕ್ಷಿಯೊಂದು ಪುಸ್ತಕಗಳ ಎಣಿಕೆಯಲ್ಲಿದೆ. ೧೯೭೦ರ ಸುಮಾರಿಗೆ ಅನಂತ ಪೈ ಬರೆದು, ರಾಮ್ ವಾಯೀರ್ಕರ್ ಚಿತ್ರಿಸಿ, ಇಂಗ್ಲಿಷಿನಲ್ಲಿ ಬಂದ ‘ಕೃಷ್ಣ’ ಮಾಲೆಯ ಮೊದಲ ಪುಸ್ತಕವೆಂದು ಲೋಕಪ್ರಸಿದ್ಧಿ; ಆದರೆ ಅದರ ಕ್ರಮಸಂಖ್ಯೆ ೧೧! ಮೊದಲ ಹತ್ತು ಎಲ್ಲಿ ಹೋದುವೆಂದು ಕೇಳಿದವನಿಗೆ ಮಾತ್ರ ಕನ್ನಡದ ಪಾಲು ಕಾಣುತ್ತದೆ. ಪೈ ಅವರ ಕೀರ್ತಿಗೆ ಇದರಿಂದ ಕುಂದಿಲ್ಲ. ೪೦೦ಕ್ಕೂ ಮಿಕ್ಕ ಪುಸ್ತಕಗಳ ಮಾಲೆಯನ್ನು ಬೆಳೆಸಿದವರು ಅವರೇ. ಆದರೂ ಮನೆಯ ತಳಪಾಯ ಹಾಕಿದವನನ್ನು ಮರೆತು ಗೃಹಪ್ರವೇಶದ ಸಂಭ್ರಮವನ್ನಷ್ಟೇ ಹಾಡುವುದು ಚರಿತ್ರೆಯ ಧರ್ಮವಲ್ಲ.

ಹೆಸರಿನ ಈ ಪ್ರಶ್ನೆ ಅಮೆರಿಕದಲ್ಲಿಯೂ ಇದೆ. ಸೀಗೆಲ್ ಮತ್ತು ಶಸ್ಟರ್ ತಮ್ಮ ವೀರನ ಹಕ್ಕನ್ನು ೧೩೦ ಡಾಲರಿಗೆ ಮಾರಿದ್ದರು. ಪ್ರಕಾಶಕರು ಕೋಟಿಗಟ್ಟಲೆ ಗಳಿಸಿದರು. ಕರ್ತೃಗಳಿಬ್ಬರಿಗೂ ವರ್ಷಾಶನವೂ ಪುಟದ ಮೇಲೆ ಹೆಸರೂ ಮರಳಿ ದೊರೆತುದು ೧೯೭೫ರಲ್ಲಿ, ಮುಪ್ಪು ಬಂದ ಮೇಲೆ. ಕರ್ಬಿಯು ೧೯೯೪ರಲ್ಲಿ ತೀರಿಕೊಂಡನು. ಅವನ ಮಕ್ಕಳಿಗೂ ಮಾರ್ವೆಲ್ ಸಂಸ್ಥೆಗೂ ರಾಜಿಯಾದುದು ೨೦೧೪ರಲ್ಲಿ. ಗ್ರಹಗಳನ್ನು ನುಂಗುವವನನ್ನು ಬರೆದ ಕೈಗೆ ತನ್ನ ಹೆಸರನ್ನು ಉಳಿಸಿಕೊಳ್ಳುವ ಬಲವಿರಲಿಲ್ಲ. ಎಂಟು ನೂರು ವರುಷಗಳ ಹಿಂದೆಯೇ ಹೆಸರು ಕೆತ್ತಿಟ್ಟು ಹೋದ ಮಲ್ಲಿತಮ್ಮನೇ ಭಾಗ್ಯವಂತನು.

(೫)

ಇನ್ನು ನಮ್ಮ ಮಲೆಗೆ ಬರೋಣ. ‘ಕೃಷ್ಣ’ದಿಂದ ಮುಂದಿನ ಹತ್ತು ಪುಸ್ತಕಗಳೆಂದರೆ ಕೃಷ್ಣ, ಶಕುಂತಲೆ, ಪಾಂಡವ ಕುಮಾರರು, ಸಾವಿತ್ರಿ, ರಾಮ, ನಳದಮಯಂತಿ, ಹರಿಶ್ಚಂದ್ರ, ಲವಕುಶರು, ಹನುಮಂತ, ಮಹಾಭಾರತ. ಇವೆಲ್ಲ ಸಮಸ್ತ ಭಾರತಕ್ಕೂ ಸಲ್ಲುವ ಹೆಸರುಗಳು, ಸಲ್ಲಬೇಕಾದುವೇ. ಆದರೆ ಇವುಗಳಲ್ಲಿ ಮಲೆಯ ದೇವರಿಗೆ ಎಡೆಯಿಲ್ಲ. ಮುಂಬಯಿಯಲ್ಲಿ ಕುಳಿತು ದೇಶಕ್ಕೆಲ್ಲ ಸಲ್ಲುವಂತೆ ಆರಿಸುವವರಿಗೆ ಎಪ್ಪತ್ತೇಳು ಮಲೆಯ ಒಡೆಯನು ಕಾಣದಿದ್ದರೆ ಅದು ಅವರ ತಪ್ಪೇನೂ ಅಲ್ಲ. ಅವನನ್ನು ಕಾಣಿಸಬೇಕಾದವರು ನಾವು.

ಮಲೆಯ ಮಾದಪ್ಪನ ಕಥೆಯನ್ನು ದೇವರಗುಡ್ಡರು ಕಂಸಾಳೆ ಹಿಡಿದು ಹಾಡುತ್ತಾರೆ. ಉತ್ತರಾಜಮ್ಮನ ಮಗನಾಗಿ ಹುಟ್ಟಿ, ಹುಲಿಯನ್ನೇರಿ, ಮಲೆಯನ್ನು ಸೇರಿದ ಈ ಮಾಯಕಾರನ ಎದುರಾಳಿ ಶ್ರವಣನೆಂಬ ದೊರೆ. ಅವನು ದೇವತೆಗಳನ್ನೆಲ್ಲ ಸೆರೆಹಿಡಿದು ತನ್ನ ಮನೆಯ ಊಳಿಗಕ್ಕೆ ಇಟ್ಟುಕೊಂಡಿದ್ದನು. ಅಂಥವನನ್ನು ಮಾದಪ್ಪನು ಕೊಂದದ್ದು ಚಕ್ರದಿಂದಲ್ಲ, ಶೂಲದಿಂದಲ್ಲ. ಪಾದರಕ್ಷೆಯ ನೆವದಿಂದ, ಕೆರ ಹೊಲಿಯುವವನ ವೇಷ ತೊಟ್ಟು. ದೇವಲೋಕವನ್ನು ಬಿಡಿಸಿದ ಆಯುಧ ಒಂದು ಜೊತೆ ಕೆರ! ಲೋಕನಾಶಕ ಯಂತ್ರವನ್ನು ತೋರಿಸಿ ಗಲ್ಯಾಕ್ಟಸನನ್ನು ಓಡಿಸಿದ ಕಥೆಯ ಪಕ್ಕದಲ್ಲಿ ಇದನ್ನಿಟ್ಟು ನೋಡಿರಿ. ದುಡಿಯುವ ಜನ ಬಲಶಾಲಿಗಳ ಅಂತ್ಯವನ್ನು ತಮ್ಮ ಕೈಕಸುಬಿನ ವಸ್ತುವಿನಲ್ಲಿಯೇ ಕಂಡರು.

ಹಾಗೆಯೇ ಸೋಲಿಗರ ಸಂಕಮ್ಮನ ಕಥೆ. ಗಂಡ ನೀಲೇಗೌಡನು ಜೇನಿಗಾಗಿ ಕಾಡಿಗೆ ಹೋಗುವಾಗ ಹೆಂಡತಿಯ ಶೀಲವನ್ನು ಶಂಕಿಸಿ, ಆಣೆ ಕೇಳಿ, ಆಕೆಯನ್ನು ಘೋರ ಹಿಂಸೆಗೆ ಗುರಿಮಾಡಿ ಹೋಗುತ್ತಾನೆ. ಕಾಡಿನ ನಡುವಣ ಗುಡಿಸಲಿನಲ್ಲಿ ಒಂಟಿಯಾಗಿ ನರಳುವ ಆ ಹೆಣ್ಣಿನ ಬಳಿಗೆ ಮಾದಪ್ಪನು ಬರುತ್ತಾನೆ. ಆಕೆಯ ಕಷ್ಟ ಕಳೆದು ಕಾರಯ್ಯ ಬಿಲ್ಲಯ್ಯರೆಂಬ ಮಕ್ಕಳನ್ನು ಕರುಣಿಸುತ್ತಾನೆ. ಇಲ್ಲಿ ದೇವರ ಹಿರಿಮೆ ಇರುವುದು ಮೈಯ ಗಾತ್ರದಲ್ಲಿ ಅಲ್ಲ, ಯಾರೂ ನೋಡದವಳನ್ನು ನೋಡುವ ಕಣ್ಣಿನಲ್ಲಿ.

ಮಂಟೇಸ್ವಾಮಿಯ ಕಥೆ ಇನ್ನೂ ಅಚ್ಚರಿಯದು. ನೀಲಗಾರರು ತಂಬೂರಿ ಹಿಡಿದು ಹಾಡುವ ಆ ಕಥೆ ಜಗತ್ತಿನ ಹುಟ್ಟಿನಿಂದಲೇ ಮೊದಲಾಗುತ್ತದೆ; ಧರೆಗೆ ದೊಡ್ಡವನೆನಿಸಿದ ಪರಂಜ್ಯೋತಿಯೇ ಲೋಕಕ್ಕೆ ಮೂಲ. ಆದರೆ ಆ ಪರಂಜ್ಯೋತಿಯು ಬಸವಣ್ಣನವರ ಕಲ್ಯಾಣಕ್ಕೆ ಬರುವಾಗ ಕೀವು ಸೋರುವ ಮೈಯ, ನಾರುವ ಹೊರೆ ಹೊತ್ತ, ಯಾರೂ ಹತ್ತಿರ ಸೇರಿಸದ ಭಿಕಾರಿಯಾಗಿ ಬರುತ್ತಾನೆ. ಶರಣರ ಗುರುತು ಹಿಡಿಯುವ ಶಕ್ತಿಯನ್ನು ಪರೀಕ್ಷಿಸುವುದು ಅವನ ಉದ್ದೇಶ. ಕರ್ಬಿಯ ತೀರ್ಪುಗಾರರೂ ಮನುಷ್ಯರನ್ನು ಪರೀಕ್ಷಿಸಲು ಬರುತ್ತಾರೆ, ಬೆಟ್ಟದಷ್ಟು ಎತ್ತರವಾಗಿ, ಎಲ್ಲರಿಗೂ ಕಾಣುವಂತೆ. ನಮ್ಮವನು ಕಾಣದಂತೆ ಬರುತ್ತಾನೆ. ಎತ್ತರವಾದುದಕ್ಕೆ ತಲೆಬಾಗುವುದು ಸುಲಭ. ಬಾಗಿಲಲ್ಲಿ ನಾರುತ್ತ ನಿಂತವನಿಗೆ ತಲೆಬಾಗುವುದು ಕಷ್ಟ. ಎರಡನೆಯ ಪರೀಕ್ಷೆಯೇ ದೊಡ್ಡದೆಂದು ಈ ನೆಲದ ಬಡಜನ ತಿಳಿದಿದ್ದರು.

ಆದರೂ ಎರಡು ಕಡೆಯ ಕಥೆಗಳಲ್ಲಿ ಒಂದು ಸಾಮ್ಯವನ್ನು ಗಮನಿಸಬೇಕು. ಅಲ್ಲಿ ಕಣ್ಣಿಲ್ಲದ ಅಲಿಷಿಯಾ, ಇಲ್ಲಿ ಗುಡಿಸಲಿನ ಸಂಕಮ್ಮ. ಲೋಕದ ಗಾತ್ರದ ಶಕ್ತಿಯನ್ನು ಕಲ್ಪಿಸಿಕೊಂಡವರೆಲ್ಲರಿಗೂ ಅದರ ಎದುರಿಗೆ ನಿಸ್ಸಹಾಯಳಾದ ಒಬ್ಬಳನ್ನು ನಿಲ್ಲಿಸಬೇಕೆನಿಸಿತು. ಆ ಶಕ್ತಿಗೆ ಅರ್ಥ ಬರುವುದು ಅವಳ ಕಡೆ ತಿರುಗಿದಾಗಲೇ ಎಂಬ ಅರಿವು ಉಭಯತ್ರ ಒಂದೇ.

(೬)

ಈಗ ನಮ್ಮ ಹೊಣೆಯ ಮಾತು. ೧೯೫೬ರ ನವೆಂಬರ್ ೧ರಂದು ರಾಜ್ಯಗಳ ಪುನರ್ವಿಂಗಡಣೆಯಾದಾಗ ಕೊಯಮತ್ತೂರು ಜಿಲ್ಲೆಯ ಕೊಳ್ಳೇಗಾಲ ತಾಲ್ಲೂಕು ಮೈಸೂರು ರಾಜ್ಯಕ್ಕೆ ಸೇರಿತು. ತಾಳವಾಡಿ ಇಲ್ಲಿಯೇ ಉಳಿಯಿತು. ಮಾದಪ್ಪನ ಬೆಟ್ಟವೂ ಸಿದ್ದಪ್ಪಾಜಿಯ ಚಿಕ್ಕಲ್ಲೂರೂ ಗೆರೆಯ ಆಚೆ, ಒಕ್ಕಲುಗಳಾದ ನಾವು ಈಚೆ. ಹಾಡಿಗೆ ಗೆರೆಯ ಹಂಗಿಲ್ಲ. ಆದರೆ ಪುಸ್ತಕಕ್ಕೂ ಶಾಲೆಗೂ ಇದೆ. ೨೦೦೬ರ ಕಾನೂನಿನಂತೆ ತಮಿಳುನಾಡಿನ ಶಾಲೆಗಳಲ್ಲಿ ತಮಿಳು ಕಡ್ಡಾಯ ಪಾಠವಾಗಿದೆ. ನಾಡಿನ ಭಾಷೆಯನ್ನು ಕಲಿಯುವುದು ಲೇಸೇ. ಇಂಗ್ಲಿಷಂತೂ ಎಲ್ಲರಿಗೂ ಬೇಕು. ಎರಡರ ನಡುವೆ ಕನ್ನಡವು ಕೇವಲ ಪರೀಕ್ಷೆಯ ಪಾಠವಾಗಿ ಉಳಿದು, ಬೆರಗಿನ ಭಾಷೆಯಾಗಿ ಉಳಿಯದೆ ಹೋದರೆ, ಆ ನಷ್ಟವನ್ನು ಯಾವ ಅಂಕಪಟ್ಟಿಯೂ ತೋರಿಸದು. ಮಗುವಿಗೆ ಬೆರಗು ಯಾವ ಭಾಷೆಯಲ್ಲಿ ದೊರೆಯುವುದೋ ಅದೇ ಅದರ ಮನಸ್ಸಿನ ಭಾಷೆಯಾಗುವುದು.

ಇದಕ್ಕೊಂದು ಎಚ್ಚರಿಕೆಯ ನಿದರ್ಶನವನ್ನು ಬೆಂಗಳೂರಿನಲ್ಲಿಯೇ ಕಾಣಬಹುದು. ೨೦೦೬ರಲ್ಲಿ ಆರಂಭವಾದ ವರ್ಜಿನ್ ಕಾಮಿಕ್ಸ್ ಎಂಬ ಸಂಸ್ಥೆಯ ಚಿತ್ರಶಾಲೆ ಬೆಂಗಳೂರಿನಲ್ಲಿತ್ತು. ‘ದೇವಿ’, ಭವಿಷ್ಯಕಾಲದ ರಾಮಾಯಣ ಮೊದಲಾದ ಮಾಲೆಗಳು ಅಲ್ಲಿಂದ ಇಂಗ್ಲಿಷಿನಲ್ಲಿ ಹೊರಟುವು. ಅದೇ ನಗರದಲ್ಲಿ ೧೯೬೫ರಲ್ಲಿ ಹೊರನಾಡಿನ ಕಥೆಗಳನ್ನು ಕನ್ನಡಕ್ಕೆ ತಂದರು. ನಲವತ್ತು ವರುಷಗಳ ಮೇಲೆ ನಮ್ಮ ದೇವತೆಗಳನ್ನು ಇಂಗ್ಲಿಷಿಗೆ ಒಯ್ದರು. ಕೈ ನಮ್ಮ ನಾಡಿನದು, ದೇವರು ನಮ್ಮವರು, ಮಾತು ಮಾತ್ರ ಬೇರೆ.

ಹಾಗೆಂದು ಮಕ್ಕಳ ಕೈಯಿಂದ ಗಲ್ಯಾಕ್ಟಸನನ್ನು ಕಿತ್ತುಕೊಳ್ಳಬೇಕಾಗಿಲ್ಲ. ಪರದೇಶದ ಕಥೆಯಿಂದ ಯಾವ ಮಗುವೂ ಕೆಟ್ಟಿಲ್ಲ. ಸಿಂಡರೆಲ್ಲಾ ಮತ್ತು ಅಲ್ಲಾದೀನರ ಬೆನ್ನ ಮೇಲೇರಿಯೇ ಕೃಷ್ಣನ ಚಿತ್ರಕಥೆ ಬಂದುದೆಂಬುದನ್ನು ಮೇಲೆ ನೋಡಿದೆವು. ಮಾಡಬೇಕಾದುದು ಇನ್ನೊಂದಿದೆ. ರಾಮನ ತಾಯಿಯ ಹೆಸರು ತಿಳಿಯದ ಮಕ್ಕಳನ್ನು ಕಂಡು ಅನಂತ ಪೈ ಮರುಗಿದರು. ಅದೇ ಪ್ರಶ್ನೆಯನ್ನು ನಾವೂ ನಮ್ಮ ತರಗತಿಗಳಲ್ಲಿ ಕೇಳಿಕೊಳ್ಳೋಣ. ಕೌಸಲ್ಯೆಯ ಹೆಸರನ್ನು ಬಲ್ಲ ನಮ್ಮ ಮಕ್ಕಳಲ್ಲಿ ಉತ್ತರಾಜಮ್ಮನ ಹೆಸರನ್ನು ಬಲ್ಲವರೆಷ್ಟು ಮಂದಿ? ಮಕ್ಕಳ ಮಾತು ಹಾಗಿರಲಿ, ಉಪಾಧ್ಯಾಯರಾದ ನಮ್ಮಲ್ಲಿ ಎಷ್ಟು ಮಂದಿ?

ವಿದ್ವಾಂಸರು ತಮ್ಮ ಪಾಲಿನ ಕೆಲಸವನ್ನು ಮಾಡಿದ್ದಾರೆ. ಪಿ.ಕೆ. ರಾಜಶೇಖರ ಅವರು ಸಂಪಾದಿಸಿದ ‘ಮಲೆಯ ಮಾದೇಶ್ವರ’ ೧೯೭೩ರಲ್ಲಿ ಅಚ್ಚಾಯಿತು. ಹೆಬ್ಬಣಿ ಮಾದಯ್ಯ ಮತ್ತು ಸಂಗಡಿಗರು ಹಾಡಿದ ಪಾಠವನ್ನು ಕೆ. ಕೇಶವನ್ ಪ್ರಸಾದ್ ಸಂಪಾದಿಸಿದರು; ಅದರ ಇಂಗ್ಲಿಷ್ ಅನುವಾದವನ್ನು ಸಾಹಿತ್ಯ ಅಕಾಡೆಮಿ ೨೦೦೧ರಲ್ಲಿ ಪ್ರಕಟಿಸಿತು. ಆ ಪುಸ್ತಕದ ಹೆಸರಿನಲ್ಲಿಯೇ ಹಾಡಿದವರ ಹೆಸರನ್ನು ಸೇರಿಸಿರುವುದು ಗಮನಿಸತಕ್ಕ ಸಂಗತಿ. ಅಮೆರಿಕದ ಚಿತ್ರಕಾರರು ಅರ್ಧ ಶತಮಾನ ಹೋರಾಡಿ ಪಡೆದ ಗೌರವವನ್ನು ಇಲ್ಲಿ ಕಂಸಾಳೆ ಹಿಡಿದ ಕೈಗೆ ಸಲ್ಲಿಸಿದ್ದಾರೆ.

ನಮ್ಮ ಪಾಲಿನ ಕೆಲಸ ಚಿಕ್ಕದು. ಆದರೆ ನಾವು ಮಾಡದೆ ಬೇರೆ ಯಾರೂ ಮಾಡಲಾರರು. ದೊಡ್ಡ ಗ್ರಂಥಗಳು ಎಂಟು ವರುಷದ ಮಗುವಿನ ಕೈಗೆ ಬರುವುದಿಲ್ಲ. ಒಂದು ತರಗತಿಯ ಮಕ್ಕಳು ಒಂದು ಪ್ರಸಂಗವನ್ನು ಆರಿಸಿಕೊಳ್ಳಲಿ. ಶ್ರವಣನ ಕೆರದ ಪ್ರಸಂಗವಾಗಲಿ, ಸಂಕಮ್ಮನ ಗುಡಿಸಲಾಗಲಿ, ಕಲ್ಯಾಣದ ಬಾಗಿಲಾಗಲಿ. ಮನೆಯ ಹಿರಿಯರಿಂದ, ಊರಿಗೆ ಬರುವ ದೇವರಗುಡ್ಡರಿಂದ, ನೀಲಗಾರರಿಂದ ಅದನ್ನು ಕೇಳಿಕೊಂಡು ಬರಲಿ. ಕೇಳಿದುದನ್ನು ಎಂಟೋ ಹತ್ತೋ ಚೌಕಗಳಲ್ಲಿ ಬರೆಯಲಿ. ಮಾದಪ್ಪನನ್ನು ಒಬ್ಬನು ಮರದಷ್ಟು ಎತ್ತರವಾಗಿ ಬರೆದರೆ, ಇನ್ನೊಬ್ಬಳು ಮಗುವಿನಷ್ಟು ಚಿಕ್ಕದಾಗಿ ಬರೆಯಲಿ, ತಿದ್ದುವುದು ಬೇಡ. ಗುಡ್ಡರೂ ಒಬ್ಬರಂತೆ ಇನ್ನೊಬ್ಬರು ಹಾಡುವುದಿಲ್ಲ. ಅಚ್ಚಾದ ಚಿತ್ರವು ದೇವರಿಗೆ ಒಂದೇ ಮುಖವನ್ನು ಕೊಟ್ಟುಬಿಡುವ ಅಪಾಯಕ್ಕೆ ಅದೇ ಮದ್ದು. ಪುಟದ ಅಡಿಯಲ್ಲಿ ಕಥೆ ಹೇಳಿದವರ ಹೆಸರನ್ನೂ ಊರನ್ನೂ ಬರೆದವರ ಹೆಸರನ್ನೂ ತಪ್ಪದೆ ಕಾಣಿಸಲಿ.

ಗಗನದಿಂದ ಇಳಿಯುವ ಮಹಾಕಾಯರು ಮನುಷ್ಯರಿಗೆ ಐವತ್ತು ವರುಷದ ಗಡುವು ಕೊಟ್ಟರೆಂದು ಕರ್ಬಿ ಬರೆದನು. ಹಾಡುಗಾರರ ತಲೆಮಾರು ನಮಗೆ ಕೊಡುವ ಗಡುವು ಅಷ್ಟು ದೀರ್ಘವಲ್ಲ. ಈ ಸಲದ ಜಾತ್ರೆಗೆ ಮುಂಚೆಯೇ ಮಕ್ಕಳ ಕೈಗೆ ಕಾಗದವನ್ನು ಕೊಡೋಣ.